ಗುಡಾಣದೊಳಗಿನ ಹಾಡು

ಜಾರ್ಜಿಯಾದ ಆ ವೈನ್ ಮ್ಯೂಸಿಯಮ್ಮಿನಲ್ಲಿ ಆಳೆತ್ತರದ ಮಣ್ಣಿನ ಗುಡಾಣಗಳನ್ನು ಕತ್ತಿನ ತನಕ ನೆಲದಲ್ಲಿ ಹೂತಿದ್ದರು.

“ಒಳಗಿಳಿದು ತೊಳೆಯುವವನು ಹಾಡುತ್ತಲೇ ಇರಬೇಕು,” ಎಂದಳು ಗೈಡ್. “ದ್ರಾಕ್ಷಿ ಹುಳಿತ ಗಾಳಿ ಉಸಿರು ಕಟ್ಟಿಸಿ ಕೊಲ್ಲುತ್ತೆ. ಹಾಡು ನಿಂತಿತೋ, ಮೇಲಿದ್ದವರು ತಕ್ಷಣ ಎಳೆದುಕೊಳ್ಳಬೇಕು. ಈ ಗುಡಾಣದಿಂದ ನಿನ್ನೆಯಷ್ಟೇ ವೈನ್ ತೆಗೆದಿದ್ದೇವೆ, ಇಳಿಯೋದು ಬೇಡ.”

ವಾರಿಜಳ ಗಂಡನಿಗೆ ಬೇಡ ಅಂದರೆ ಆಗದು. ಬೆಳಿಗ್ಗೆ ಹೋಟೆಲಿನಲ್ಲಿ ಅವಳು ಒಂದೇ ಒಂದು ಸಲ ಬೇಡ ಅಂದಿದ್ದಕ್ಕೆ ತುಟಿ ಒಡೆದು ಊದಿಕೊಂಡಿತ್ತು. ಅವನು ಏಣಿ ಹಿಡಿದು ಇಳಿದೇಬಿಟ್ಟ.

ಗೈಡ್ ಗಾಬರಿಬಿದ್ದು ಹಗ್ಗ ತರಲು ಹೊರಗೋಡಿದಳು. “ಹಾಡು ನಿಂತರೆ ಕೂಗಿಕೊಳ್ಳಿ!”

ಗುಡಾಣದ ತುಂಬ ಅವನ ಹಾಡು ಗುಂಯ್‌ಗುಟ್ಟಿತು. ಬರಬರುತ್ತಾ ದನಿ ಸಣ್ಣಗಾಯಿತು. ಆಮೇಲೆ ನಿಂತೇಹೋಯಿತು.

ವಾರಿಜ ಕೂಗಲು ಬಾಯಿ ತೆರೆದಳು. ತುಟಿ ಚುರುಗುಟ್ಟಿತು. ಬಾಯಿ ಮುಚ್ಚಿಕೊಂಡು ಹಾಗೇ ನಿಂತಳು.

“ಹಾಡ್ತಿದ್ದಾರಾ?” ಅಂಗಳದಿಂದ ಗೈಡ್ ಕೂಗಿದಳು.

“ಹೂಂ, ಹಾಡ್ತಾನೇ ಇದ್ದಾರೆ!”

ಕೆಳಗೆ ಏಣಿ ಕಿರುಗುಟ್ಟಿತು.

“ನಾನು ಹಾಡು ನಿಲ್ಲಿಸಿ ಎಷ್ಟು ಹೊತ್ತಾಯ್ತೇ, ವಾರಿಜಾ?”