ಫ್ರೇಮಿನೊಳಗಿನ ಬೆನ್ನು

ಕ್ಯಾಮೆರಾಗಳು ತಾವೇ ಹಾರಾಡಿ ಚಿತ್ರೀಕರಿಸಲು ಕಲಿತ ಮೇಲೆ ಸಾಕ್ಷ್ಯಚಿತ್ರ ಛಾಯಾಗ್ರಾಹಕನಾದ ನನಗೆ ಉಳಿದದ್ದು ಒಂದೇ ಕೆಲಸ: ಪಕ್ಕದಲ್ಲಿ ನಿಂತು ನೋಡಿ, ‘ಇದು ನಿಜವಾಗಿ ನಡೆಯಿತು’ ಎಂದು ಸಹಿ ಹಾಕುವುದು. ಮೂವತ್ತು ವರ್ಷದ ಅನುಭವವಿತ್ತಲ್ಲ, ಸುಮ್ಮನೆ ನಿಲ್ಲುವುದರಲ್ಲಿ ನನ್ನನ್ನು ಮೀರಿಸುವವರಿರಲಿಲ್ಲ.

ಆ ದಿನ ಅಘನಾಶಿನಿ ನದಿ ದಂಡೆಯ ಕೊನೆಯ ಉಪ್ಪಿನ ಆಗರಕ್ಕೆ ಹೋಗಿದ್ದೆ. ಉಳಿದವನ್ನೆಲ್ಲ ಏರುತ್ತಿದ್ದ ಕಡಲು ಆಗಲೇ ನುಂಗಿತ್ತು. ಬುದವಂತಿ ಎಂಬ ಮುದುಕಿ ಒಬ್ಬಳೇ ಹಲಗೆಯಿಂದ ಉಪ್ಪು ಎಳೆದು ರಾಶಿ ಹಾಕುತ್ತಿದ್ದಳು. ಮೂರು ಕ್ಯಾಮೆರಾಗಳು ಅವಳ ತಲೆಯ ಮೇಲೆ ಸುತ್ತುತ್ತಿದ್ದವು. ಅಷ್ಟರಲ್ಲಿ ಬದು ಒಡೆದು ನೀರು ನುಗ್ಗಿತು.

“ಎಂತ ನೋಡ್ತಾ ನಿಂತ್ಕಂಡ್ರಿ? ಬುಟ್ಟಿ ಹಿಡೀರಿ!” ಎಂದು ಕೂಗಿದಳು.

“ನೋಡೋದೇ ನನ್ನ ಕೆಲಸ, ಅಮ್ಮಾ,” ಎಂದೆ. ಆಡಿದ ಮಾತಿಗೆ ನನಗೇ ನಾಚಿಕೆಯಾಯಿತು. ಪ್ಯಾಂಟು ಮಡಚಿ ನೀರಿಗಿಳಿದೆ. ಇಬ್ಬರೂ ಸೇರಿ ಹನ್ನೊಂದು ಬುಟ್ಟಿ ಉಪ್ಪು ಉಳಿಸಿದೆವು.

ನನ್ನನ್ನು ಕಳುಹಿಸಿದ್ದ ಸಂಸ್ಥೆಯವರು ಚಿತ್ರವನ್ನು ತಿರಸ್ಕರಿಸಿದರು. “ಎಲ್ಲ ಶಾಟ್‌ನಲ್ಲೂ ನಿಮ್ಮ ಬೆನ್ನೇ ಇದೆ ಸರ್. ಸಾಕ್ಷಿ ಫ್ರೇಮಿನೊಳಗೆ ಬರಬಾರದು.” ಅಲ್ಲಿಗೆ ನನ್ನ ವೃತ್ತಿಜೀವನ ಮುಗಿಯಿತು.

ಮನೆಯಲ್ಲಿ ಹೆಂಡತಿ ಮಂದಾಕಿನಿ ಆ ದೃಶ್ಯಗಳನ್ನು ಎರಡು ಸಲ ನೋಡಿದಳು.

“ಮದುವೆಯಾಗಿ ಇಪ್ಪತ್ತೆಂಟು ವರ್ಷ ಆಯ್ತು,” ಎಂದಳು. “ನೀವು ಕೆಲಸ ಮಾಡೋದನ್ನ ಇವತ್ತೇ ನೋಡಿದ್ದು.”