ಹೊಳೆಯದ ಹಾಲು

ಮನುಷ್ಯರ ಮೈಯೊಳಗಿನ ಸತುವು, ಅಂದರೆ ಜಿಂಕ್, ನೆರಳಿನಲ್ಲಿ ತಿಳಿಹಸಿರಾಗಿ ಹೊಳೆಯತೊಡಗಿ ಎರಡು ತಲೆಮಾರು ಕಳೆದಿದ್ದವು. ಗದಗಿನ ನೀಲವ್ವ ಹೆರಿಗೆಯಾದ ಮೇಲೂ ಚೆನ್ನಾಗಿಯೇ ಹೊಳೆಯುತ್ತಿದ್ದಳು. ಮೂರು ತಿಂಗಳ ಮಗಳು ಮಾತ್ರ ದಿನದಿನಕ್ಕೆ ಮಂಕಾಗುತ್ತಿದ್ದಳು. ಬಾಯಿಯ ಸುತ್ತ ಹುಣ್ಣೆದ್ದಿದ್ದವು. ಅತ್ತೆ ಬಾಣಂತಿಗೆ ಸತುವು ತುಂಬಿದ ಎಳ್ಳುಂಡೆ ತಿನ್ನಿಸಿದಷ್ಟೂ ಹೊಳಪೆಲ್ಲ ನೀಲವ್ವನಿಗೇ ಏರಿತು.

ಕೂಸನ್ನು ನೋಡಲು ಮನೆಗೆ ಬಂದ ನರ್ಸ್ ದಾಕ್ಷಾಯಣಿ ಕಿಟಕಿ ಮುಚ್ಚಿ, ಬಟ್ಟಲಿಗೆ ಒಂದಿಷ್ಟು ಹಾಲು ಹಿಂಡಲು ಹೇಳಿದಳು. ಹಾಲು ಹೊಳೆಯಲಿಲ್ಲ. ನೀಲವ್ವ ಅದರಲ್ಲಿ ಬೆರಳದ್ದಿ ನೋಡಿದಳು. ಬೆರಳಷ್ಟೇ ಬೆಳಗಿತು.

"ಮೈಯಾಗ ಇಷ್ಟೈತಿ, ಹಾಲಿನ್ಯಾಗ ಯಾಕಿಲ್ರೀ ಅಕ್ಕಾರ?"

"ಸತುವನ್ನ ಹಾಲಿಗೆ ದಾಟಿಸೋ ಪ್ರೋಟೀನ್ ಒಂದೈತಿ. ನಿನ್ನ ಜೀನಿನ್ಯಾಗ ಅದರ ಬರವಣಿಗಿ ತಪ್ಪೇತಿ. ನೀ ಎಷ್ಟ ತಿಂದ್ರೂ ಒಳಗ ಉಳೀತೈತಿ. ಕೂಸಿಗೆ ಸತುವಿನ ಹನಿ ಹಾಕೂಣು, ಹಾಲು ಬಿಡಿಸಬ್ಯಾಡ."

"ಈ ತಪ್ಪು ಎಲ್ಲಿಂದ ಬಂತ್ರೀ?"

"ಅಪ್ಪನಿಂದರ ಬಂದಿರಬೇಕು, ಇಲ್ಲಾ ಅವ್ವನಿಂದ."

ನೀಲವ್ವನಿಗೆ ತನ್ನ ಅವ್ವ ನೆನಪಾದಳು. ಅವ್ವನ ಮೂರು ಕೂಸುಗಳು ಹೀಗೆಯೇ ಮಂಕಾಗಿ ತೀರಿಕೊಂಡಿದ್ದವು. ಚಿಕ್ಕವ್ವನ ಹಾಲು ಕುಡಿದ ನೀಲವ್ವನೊಬ್ಬಳೇ ಉಳಿದಿದ್ದಳು. ಅವ್ವನ ಕಣ್ಣು ಕೆಟ್ಟದ್ದೆಂದು ಓಣಿಯವರು ಇಂದಿಗೂ ಕೂಸುಗಳನ್ನು ಅವಳ ಕೈಗೆ ಕೊಡುತ್ತಿರಲಿಲ್ಲ. ಅವಳೂ ಮೊಮ್ಮಗಳನ್ನು ದೂರದಿಂದಲೇ ನೋಡಿ ಹೋಗಿದ್ದಳು.

ಹನಿ ಹಾಕತೊಡಗಿದ ಐದನೆಯ ದಿನ ಕೂಸಿನ ಕೆನ್ನೆಯಲ್ಲಿ ಹಸಿರು ಮೂಡಿತು. ನೀಲವ್ವ ತವರಿಗೆ ಹೋಗಿ, ಹಿಂದೆ ಸರಿಯುತ್ತಿದ್ದ ಅವ್ವನ ಮಡಿಲಲ್ಲಿ ಮಗಳನ್ನು ಮಲಗಿಸಿದಳು.

"ನಿನ್ನ ಕಣ್ಣಿನ್ಯಾಗ ಏನೂ ದೋಷ ಇದ್ದಿಲ್ಲ, ಅವ್ವಾ. ನಿನ್ನ ಹಾಲಿಗೆ ಸತುವು ಬರ್ತಿದ್ದಿಲ್ಲ, ಅಷ್ಟ."

"ಖರೇನ?" ಎಂದಳು ಅವ್ವ. ಆಮೇಲೆ ಮೊಮ್ಮಗಳ ಮುಖವನ್ನು ಕಣ್ತುಂಬ ನೋಡಿದಳು.