ಬಾಯಿ ಬಿಡದ ಒಂದು ತಿಂಗಳು

ಆ ಕ್ರಿಪ್ಟೊ ಆ್ಯಪ್ ಮೋಸದ್ದೆಂದು ವಿಶಾಲಾಕ್ಷಿಗೆ ಹೋದ ತಿಂಗಳೇ ಗೊತ್ತಾಗಿತ್ತು. ಹಾಕಿದ ದುಡ್ಡು ವಾಪಸ್ ಕೇಳಿದರೆ, ಮೊದಲು ಟ್ಯಾಕ್ಸ್ ಕಟ್ಟಿ ಎಂದು ಅದು ಮತ್ತೆ ದುಡ್ಡು ಕೇಳಿತ್ತು. ಆದರೆ ತಾನೇ ಆಸೆ ಹುಟ್ಟಿಸಿ ಸೇರಿಸಿದ್ದ ಎದುರುಮನೆಯ ನೀಲಾಳಿಗೆ ಯಾವ ಮುಖ ಇಟ್ಟುಕೊಂಡು ಹೇಳುವುದು? ನೀಲಾ ಬಾಗಿಲಿಗೆ ಬಂದರೆ ಸಾಕು, ವಿಶಾಲಾಕ್ಷಿ ಕೊಳ್ಳುತ್ತಿದ್ದ ಸೊಪ್ಪನ್ನೂ ಬಿಟ್ಟು ಒಳಗೆ ಹೋಗಿಬಿಡುತ್ತಿದ್ದಳು.

ಇವತ್ತು ಮನಸ್ಸು ಗಟ್ಟಿ ಮಾಡಿಕೊಂಡು ಹೋದಳು. ನೀಲಾ ಬ್ಲೌಸ್ ಹೊಲಿಯುತ್ತಿದ್ದಳು.

"ನೀಲಾ, ಆ ಆ್ಯಪು ಬರೀ ಮೋಸ ಕಣೇ. ಇನ್ನೊಂದು ರೂಪಾಯಿನೂ ಹಾಕ್ಬೇಡ. ನನ್ನಿಂದ ನೀನು ಹಾಳಾದೆ, ಬೈದುಬಿಡು."

ಮಷೀನು ನಿಂತಿತು. ನೀಲಾ ಬೈಯಲಿಲ್ಲ, ಮುಖ ಮುಚ್ಚಿಕೊಂಡಳು.

"ಅಕ್ಕಾ, ನೀವೇ ನನ್ನ ಬೈಬೇಕು. ನೀವೂ ಹಾಕಿದೀರ ಅಂತ ನಿಮ್ಮಮ್ಮಂಗೆ ಹೇಳಿ, ಮೊನ್ನೆ ಅವ್ರ ಬಳೆ ಅಡ ಇಡ್ಸಿ ಅದೇ ಆ್ಯಪಿಗೆ ದುಡ್ಡು ಹಾಕ್ಸಿದೀನಿ."